ಗಾಡಿಯೊಳಗಿನ ಕೂಸು

ಟೀಚರು ಫೋನು ಮಾಡಿದಾಗ ನಾನು ಒಲೆಯ ಮುಂದೆ ನಿಂತು ಕುಕ್ಕರಿನ ಸೀಟಿಗೆ ಕಾಯುತ್ತಿದ್ದೆ. "ನಿಮ್ಮ ಮಗಳು ಕ್ಲಾಸಿನಲ್ಲಿ ಒಂದು ಸದ್ದು ಮಾಡುತ್ತಾಳೆ" ಎಂದರು. ಎಂಥ ಸದ್ದು ಎಂದು ಕೇಳಿದೆ. ಪಾಪ, ಅವರಿಗೆ ಹೇಳಲು ಸಂಕೋಚ. ಆಮೇಲೆ ಫೋನಿನಲ್ಲೇ ಮಾಡಿ ತೋರಿಸಿದರು: "ಹೂಂ." ಸ್ವಲ್ಪ ಬಿಟ್ಟು ಇನ್ನೊಂದು ಸಲ, "ಹೂಂ."

ನನಗೆ ನಗು ತಡೆಯಲಾಗಲಿಲ್ಲ. ಆ ಕಡೆ ಅವರು, ಮಗುವಿನ ಬಗ್ಗೆ ಇಷ್ಟು ಕಾಳಜಿಯಿಂದ ಫೋನು ಮಾಡಿದರೆ ಈ ತಾಯಿ ಕಿಸಿಕಿಸಿ ನಗುತ್ತಾಳಲ್ಲ ಅಂದುಕೊಂಡಿರಬೇಕು. ನಾನು ನಗು ನುಂಗಿಕೊಂಡು, "ನಮ್ಮಲ್ಲಿ ಕಥೆ ಕೇಳುವವರು ಹಾಗೆ ಅನ್ನಬೇಕು" ಎಂದೆ. "ಯಾಕೆ?" ಎಂದರು. ಯಾಕೆ ಎಂದು ನಾನು ಯಾವತ್ತು ಯೋಚಿಸಿದ್ದೆ! ಉಸಿರು ಯಾಕೆ ಆಡುತ್ತೀರಿ ಎಂದು ಕೇಳಿದ ಹಾಗಾಯಿತು. ಅಷ್ಟರಲ್ಲಿ ಕುಕ್ಕರು ಕೂಗಿತು, ನಾನು ಏನೋ ತೊದಲಿ ಫೋನಿಟ್ಟೆ.

ಎಂಬತ್ತರ ದಶಕದ ಮಾತು. ನಾವಾಗ ಅಮೆರಿಕದ ಪಶ್ಚಿಮ ಕರಾವಳಿಯ ಹೇವರ್ಡಿನ ಒಂದು ಅಪಾರ್ಟ್‌ಮೆಂಟಿನಲ್ಲಿದ್ದೆವು. ನನ್ನ ಗಂಡ ಇಂಜಿನಿಯರು. ಬೆಳಿಗ್ಗೆ ಸೇತುವೆ ದಾಟಿ ಫಾಸ್ಟರ್ ಸಿಟಿ ಕಡೆಗೆ ಕೆಲಸಕ್ಕೆ ಹೋದರೆ ಮನೆ ಸೇರುವುದು ಕತ್ತಲಾದ ಮೇಲೆ. ನಾನು ಮೈಸೂರಿನವಳು, ಅವರು ಧಾರವಾಡದವರು. ಮಗಳಿಗೆ ಆರು ವರ್ಷ. ನಾವು ಮೊದಲು ಬಂದು ನೆಲೆ ನಿಲ್ಲೋಣ, ಆಮೇಲೆ ಕರೆಸಿಕೊಳ್ಳೋಣ ಎಂದು ಅವಳನ್ನು ಧಾರವಾಡದಲ್ಲಿ ನಮ್ಮತ್ತೆಯ ಹತ್ತಿರ ಬಿಟ್ಟು ಬಂದಿದ್ದೆವು. ಆಗ ನಮ್ಮಂಥ ಎಷ್ಟೋ ಮನೆಗಳಲ್ಲಿ ಹಾಗೇ ಮಾಡುತ್ತಿದ್ದರು. ಮಗಳನ್ನು ಶಾಲೆಗೆ ಸೇರಿಸುವ ವರ್ಷ ನಮ್ಮತ್ತೆಯೇ ಅವಳನ್ನು ಕರೆದುಕೊಂಡು ಬಂದು ನಮ್ಮ ಜೊತೆ ಉಳಿದರು.

ಹೀಗಾಗಿ ನನ್ನ ಹೊಟ್ಟೆಯಲ್ಲಿ ಹುಟ್ಟಿದ ಕೂಸು ಅಪ್ಪಟ ಧಾರವಾಡ ಕನ್ನಡ ಮಾತಾಡುತ್ತಿತ್ತು. ಕನ್ನಡದವರ ಮನೆಗಳಲ್ಲಿ ಸೇರಿದಾಗ ಬೇರೆ ಮಕ್ಕಳೆಲ್ಲ ಅಮ್ಮ ಕನ್ನಡದಲ್ಲಿ ಕೇಳಿದ್ದಕ್ಕೆ ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಿದ್ದವು. ನಮ್ಮವಳದು ಉಲ್ಟಾ. "ಇನ್ನೂ ಇಂಗ್ಲಿಷ್ ಬರಲ್ವಾ? ಸ್ಕೂಲಲ್ಲಿ ಪ್ರಾಬ್ಲಮ್ ಆಗಲ್ವಾ?" ಎಂದು ಹೆಂಗಸರು ಕೇಳಿದಾಗ ನನಗೆ ಮೈಯೆಲ್ಲ ಉರಿಯುತ್ತಿತ್ತು. ಮೊದಲೇ ನನಗೆ ಮೂಗಿನ ತುದಿಯಲ್ಲಿ ಕೋಪ. "ಬರತ್ತೆ ಬಿಡ್ರೀ, ಎಲ್ಲಿಗೆ ಹೋಗತ್ತೆ" ಎಂದು ಹೇಳಿ, ಮನೆಗೆ ಬಂದು ಸುಮ್ಮನೆ ಗಂಡನ ಮೇಲೆ ರೇಗುತ್ತಿದ್ದೆ. ನಿಜ ಹೇಳಬೇಕೆಂದರೆ ನನಗೂ ಭಯವಿತ್ತು. ಅವಳು ಶಾಲೆಯಲ್ಲಿ ಬಾಯಿಯನ್ನೇ ತೆಗೆಯುತ್ತಿರಲಿಲ್ಲ. ಹೆಸರು ಕೇಳಿದರೂ ಹೇಳುತ್ತಿರಲಿಲ್ಲ. ಅವಳ ಬಾಯಿಂದ ಬರುತ್ತಿದ್ದ ಸದ್ದು ಆ 'ಹೂಂ' ಒಂದೇ.

ಅದು ಬರುತ್ತಿದ್ದುದು ಊಟದ ಬಿಡುವಿನ ನಂತರ. ಆಗ ಟೀಚರು ದೀಪ ಆರಿಸಿ, ಮಕ್ಕಳಿಗೆ ಡೆಸ್ಕಿನ ಮೇಲೆ ತಲೆಯಿಟ್ಟು ಮಲಗಲು ಹೇಳಿ, ಒಂದು ಹಳೆಯ ಪುಸ್ತಕದಿಂದ ದಿನಕ್ಕೊಂದು ಅಧ್ಯಾಯ ಓದುತ್ತಿದ್ದರು. ಅವರ ಅಮ್ಮ ಅವರಿಗೆ ಓದಿ ಹೇಳಿದ್ದ ಪುಸ್ತಕವಂತೆ; ಬೆನ್ನು ಕಿತ್ತು ಬಂದು ಟೇಪು ಅಂಟಿಸಿದ್ದರು. ರೈಲಿಲ್ಲದ ಕಾಲದಲ್ಲಿ ಅಮೆರಿಕದ ಒಂದು ಬಡ ಕುಟುಂಬ, ಬಟ್ಟೆಯ ಕಮಾನು ಹೊದಿಸಿದ ಎತ್ತಿನ ಗಾಡಿ ಕಟ್ಟಿಕೊಂಡು, ಇದ್ದಬದ್ದದ್ದನ್ನು ಹೇರಿಕೊಂಡು, ತಿಂಗಳುಗಟ್ಟಲೆ ನಡೆದು ಪಶ್ಚಿಮಕ್ಕೆ ಬರುವ ಕಥೆ. ಅಪ್ಪ, ಅಮ್ಮ, ನಮ್ಮವಳ ವಯಸ್ಸಿನ ಒಬ್ಬ ಹುಡುಗಿ, ತೊಟ್ಟಿಲಲ್ಲೊಂದು ಕೂಸು. ಮಕ್ಕಳೆಲ್ಲ ಉಸಿರು ಬಿಗಿಹಿಡಿದು ಕೇಳುತ್ತಿದ್ದರು. ಟೀಚರು ಒಂದು ವಾಕ್ಯ ಮುಗಿಸಿದ ಕೂಡಲೇ ಹಿಂದಿನ ಸಾಲಿನಿಂದ ನನ್ನ ಮಗಳು: "ಹೂಂ."

ಇದು ನಮ್ಮತ್ತೆಯ ಶಾಲೆಯ ಪಾಠ. ಅವರ ಹತ್ತಿರ ಕಥೆ ಕೇಳಬೇಕೆಂದರೆ ಹೂಂ ಅನ್ನಲೇಬೇಕು. ಅನ್ನದಿದ್ದರೆ ಅಲ್ಲಿಗೇ ನಿಲ್ಲಿಸಿಬಿಡುವರು. "ಹೂಂ ಅನ್ನದವರಿಗೆ ಕತಿ ಹೇಳಿದ್ರ ಗ್ವಾಡಿಗಿ ಹೇಳಿಧಂಗ ಆಗ್ತದ ನೋಡವಾ. ಹೇಳೋರದು ಅರ್ಧ ಕತಿ, ಹೂಂ ಅನ್ನೋರದು ಅರ್ಧ" ಎನ್ನುವರು. ನಾನು ಕೆಲಸದ ನಡುವೆ ಎಲ್ಲೋ ಒಂದು ಹೂಂ ಹಾಕಿದರೆ, "ನೀವು ಮೈಸೂರು ಮಂದಿ ಹೂಂ ಅನ್ನೂದ್ರಾಗೂ ಜಿಪುಣರು" ಎಂದು ಕಾಲೆಳೆಯುವರು. ಇನ್ನೂ ಒಂದು ನಿಯಮವಿತ್ತು: ಕಥೆಯ ಎಳೆ ತಪ್ಪಿದರೆ ಕೇಳುವವರು ಹೂಂ ಅನ್ನಬಾರದು. ಸುಮ್ಮನಾಗಬೇಕು. ಆಗ ಹೇಳುವವರು ತಾವೇ ಹಿಂದೆ ಹೋಗಿ, ಬಿಟ್ಟದ್ದನ್ನು ಹೇಳಿ, ಮುಂದೆ ಬರಬೇಕು.

ಫೋನು ಬಂದ ದಿನ ಸಂಜೆ ನನ್ನ ಗಂಡ ಮಗಳನ್ನು ತೊಡೆಯ ಮೇಲೆ ಕೂರಿಸಿಕೊಂಡು, "ಪುಟ್ಟಿ, ಸಾಲ್ಯಾಗ ಹೂಂ ಅನಬ್ಯಾಡವಾ. ಅಲ್ಲಿ ಸುಮ್ಮನ ಕೇಳಬೇಕು" ಎಂದರು. ನಮ್ಮತ್ತೆಗೆ ಸಿಟ್ಟು ಬಂತು. "ಅಲ್ಲೋ, ಒಬ್ಬರು ಗಂಟಲಾ ಹರಕೊಂಡು ಓದಾಕತ್ತಾರ, ಇದು ಕಲ್ಲಿನಂಗ ಕೂಡಬೇಕ? ಅವರಿಗೆ ಅವಮಾನ ಆಗೂದಿಲ್ಲ?" ಮಗಳು ಇಬ್ಬರ ಮುಖವನ್ನೂ ನೋಡಿದಳು. ಮಾರನೆಯ ದಿನದಿಂದ ತುಟಿ ಬಿಗಿದುಕೊಂಡು ಮೂಗಿನಲ್ಲಿ ಹೂಂ ಅನ್ನತೊಡಗಿದಳಂತೆ. ಪಕ್ಕದ ಮಕ್ಕಳು ನಕ್ಕೂ ನಕ್ಕೂ ಸುಸ್ತಾದರು.

ಮನೆಗೆ ಬಂದ ಮೇಲೆ ಬೇರೆಯೇ ಆಟ. ಇಂಗ್ಲಿಷು ಮಗಳ ನಾಲಿಗೆಗೆ ಹತ್ತಿರಲಿಲ್ಲ, ಕಿವಿಗೆ ಆಗಲೇ ಹತ್ತಿತ್ತು. ದೀಪ ಹಚ್ಚಿದ ಮೇಲೆ ನಮ್ಮತ್ತೆ ಸೋಫಾದ ಮೇಲೆ ಚಕ್ಕಳಮಕ್ಕಳ ಹಾಕಿ ಕೂರುವರು, ಮೊಮ್ಮಗಳು ಅವತ್ತಿನ ಅಧ್ಯಾಯ ಹೇಳುವಳು, ಅಜ್ಜಿ ಹೂಂ ಅನ್ನುವರು. ನಾನು ಚಪಾತಿ ಲಟ್ಟಿಸುತ್ತ ಕೇಳುತ್ತಿದ್ದೆ. "ಅಜ್ಜಿ, ಇವತ್ತ ಗಾಡಿ ಹೊಳಿ ದಾಟ್ತು." "ಹೂಂ." "ಚಕ್ಕಡಿ ಒಳಗ ನೀರ ಬಂದ್ವು." "ಹೂಂ, ಹಿಟ್ಟಿನ ಚೀಲಾ?" "ಅಪ್ಪ ಮ್ಯಾಲ ಎತ್ತಿ ಹಿಡದಾ." ಅವಳ ಬಾಯಲ್ಲಿ ಆ ಅಮೆರಿಕದ ಮಂದಿ ಹುಬ್ಬಳ್ಳಿ ದಾಟಿ ಗದಗದ ಕಡೆಗೆ ಹೊರಟಂತೆ ಕೇಳಿಸುತ್ತಿತ್ತು.

ಒಂದು ದಿನ ಆ ಹುಡುಗಿ ಬಯಲಲ್ಲಿ ಒಣಗಿದ ಸಗಣಿ ಆರಿಸಿಕೊಂಡು ಬಂದಳು, ಅದರ ಮೇಲೆ ಅಮ್ಮ ರೊಟ್ಟಿ ಸುಟ್ಟಳು ಎಂಬ ಅಧ್ಯಾಯ ಬಂತು. ನಮ್ಮತ್ತೆಗೆ ಆದ ಸಂತೋಷ ಅಷ್ಟಿಷ್ಟಲ್ಲ. "ಕುಳ್ಳು? ಖರೇನ? ಈ ದೇಶದಾಗ ಕುಳ್ಳಿನ ಮ್ಯಾಲ ಅಡಗಿ ಮಾಡ್ಯಾರ?" ಎಂದು ನನ್ನನ್ನೇ ಕೇಳಿದರು, ನಾನೇ ಆ ಗಾಡಿಯಲ್ಲಿದ್ದವಳ ಹಾಗೆ. ಹಾಲಿನ ಕೊಡವನ್ನು ಗಾಡಿಯ ಕೆಳಗೆ ನೇತುಹಾಕಿದರೆ ದಿನವಿಡೀ ಕುಲುಕಿ ಕುಲುಕಿ ಸಂಜೆಗೆ ಬೆಣ್ಣೆ ಬಂದಿರುತ್ತದೆ ಎಂದು ಕೇಳಿದಾಗಲಂತೂ, "ಶಾಣ್ಯಾ ಮಂದಿ ಬಿಡು" ಎಂದು ಒಪ್ಪಿಗೆ ಕೊಟ್ಟೇಬಿಟ್ಟರು. ಅವತ್ತಿನಿಂದ ಪಕ್ಕದ ಮನೆಯ ಬಿಳಿಯ ಮುದುಕಿಗೆ ಕೈಬೀಸತೊಡಗಿದರು.

ನಾನೂ ಎಲ್ಲವನ್ನೂ ಆಸೆಯಿಂದಲೇ ಕೇಳುತ್ತಿದ್ದೆ. ಅಮೆರಿಕ ಹುಟ್ಟುವಾಗಲೇ ಫ್ರೀವೇ ಹೆದ್ದಾರಿಗಳ ಸಮೇತ ಹುಟ್ಟಿದೆ ಎಂದುಕೊಂಡಿದ್ದವಳು ನಾನು. ಇಲ್ಲಿಯ ಮಕ್ಕಳು ಬರಿಗಾಲಲ್ಲಿ ಗಾಡಿಯ ಹಿಂದೆ ನಡೆದದ್ದು, ನೀರು ಹೊತ್ತದ್ದು, ದೊಡ್ಡವರ ಮುಂದೆ ಬಾಯಿ ಮುಚ್ಚಿ ಕೂತದ್ದು ಇದೆಲ್ಲ ನನಗೆ ಹೊಸದು. ಮಕ್ಕಳು ಕಣ್ಣಿಗೆ ಬೀಳಬೇಕು, ಕಿವಿಗೆ ಬೀಳಬಾರದು ಎಂಬ ಮಾತು ಆ ಪುಸ್ತಕದ ಅಪ್ಪನ ಬಾಯಲ್ಲಿ ಆಗಾಗ ಬರುತ್ತಿತ್ತು. ಆ ಬಯಲಿನಲ್ಲಿ ಅವರಿಗಿಂತ ಮೊದಲೇ ಬಾಳಿದ ಜನರ ಬಗ್ಗೆ ಆ ಪುಸ್ತಕ ಹೆಚ್ಚೇನೂ ಹೇಳುತ್ತಿರಲಿಲ್ಲ ಎಂದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ.

ಹೀಗಿರುವಾಗ ನನಗೆ ಪರೀಕ್ಷೆಗಳು ಬಂದವು. ಹೇವರ್ಡಿನ ಗುಡ್ಡದ ಮೇಲಿನ ಯೂನಿವರ್ಸಿಟಿಯಲ್ಲಿ ವಾರಕ್ಕೆರಡು ಸಂಜೆ ಕಂಪ್ಯೂಟರ್ ಕ್ಲಾಸಿಗೆ ಹೋಗುತ್ತಿದ್ದೆ. ಒಂದು ವಾರ ಮನೆಯ ಕಡೆ ಗಮನವೇ ಇರಲಿಲ್ಲ. ಆ ವಾರದ ಕೊನೆಗೆ ಶಾಲೆಯಿಂದ ಮತ್ತೆ ಫೋನು. ಈ ಸಲ ಪ್ರಿನ್ಸಿಪಾಲರು. ಬಂದು ಕಾಣಿ ಎಂದರು.

ಗಂಡನಿಗೆ ರಜೆ ಸಿಗಲಿಲ್ಲ. ಮಗಳ ಜೊತೆಗೆ ನಮ್ಮತ್ತೆಯನ್ನೂ ಕರೆದುಕೊಂಡು ಹೋದೆ. ಪ್ರಿನ್ಸಿಪಾಲರು ಒಳ್ಳೆಯ ಮನುಷ್ಯ, ಮೆಲ್ಲಗೆ ಹೇಳಿದರು. "ನಿಮ್ಮ ಮಗಳು ಮಾಡುತ್ತಿದ್ದುದು ಅದೊಂದೇ ಸದ್ದು. ಈಗ ಅದೂ ನಿಂತುಹೋಗಿದೆ. ಕಥೆ ಓದುವಾಗ ಗೋಡೆ ನೋಡುತ್ತ ಕೂತಿರುತ್ತಾಳೆ. ಅವಳಿಗೆ ಏನೂ ಅರ್ಥವಾಗುತ್ತಿಲ್ಲ ಅನ್ನಿಸುತ್ತದೆ." ಫ್ರೀವೇ ಆಚೆ ಇನ್ನೊಂದು ಶಾಲೆ ಇದೆ, ಅಲ್ಲಿ ಮಾತು ಬಾರದ ಮಕ್ಕಳಿಗೆ ಬೇರೆ ತರಗತಿ ಇದೆ, ಸೋಮವಾರದಿಂದ ಅಲ್ಲಿಗೆ ಹೋಗಲಿ, ಈ ಶಾಲೆಯ ಮುಂದೆಯೇ ಬಸ್ಸು ಬಂದು ಕರೆದೊಯ್ಯುತ್ತದೆ ಎಂದರು.

ಆ ತರಗತಿ ಕೆಟ್ಟದ್ದೆಂದಲ್ಲ. ಬೇಕಾದ ಮಕ್ಕಳಿಗೆ ಅದು ವರವೇ ಇದ್ದೀತು. ಆದರೆ ನನ್ನ ಮಗಳಿಗೆ ಮಾತು ಬರುತ್ತಿತ್ತಲ್ಲ! ಮನೆಯಲ್ಲಿ ಅವಳ ಬಾಯಿ ಮುಚ್ಚಿಸಲು ನಾನು ಒದ್ದಾಡುತ್ತಿದ್ದೆ. ಒಂದು ಸಲ ಅವಳನ್ನು ಬೇರೆ ದೇಶದಲ್ಲಿ ಬಿಟ್ಟು ಬಂದಿದ್ದೆವು. ಈಗ ಹೇಗೋ ಒಂದು ಕಡೆ ಕೂತಿದ್ದಾಳೆ, ಮತ್ತೆ ಎತ್ತಿ ಇನ್ನೊಂದು ಕಡೆ ಇಡುವುದೆ? ಮಗಳಿಗೆ ಬಸ್ಸಿನ ಮಾತು ತಿಳಿಯಿತೇನೋ, ನನ್ನ ಸೀರೆಯ ಸೆರಗನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು.

"ಅವಳಿಗೆ ಎಲ್ಲ ಅರ್ಥವಾಗುತ್ತದೆ. ದಿನಾ ಸಂಜೆ ನಿಮ್ಮ ಕಥೆಯನ್ನು ಅವಳ ಅಜ್ಜಿಗೆ ಹೇಳುತ್ತಾಳೆ" ಎಂದೆ. ದನಿ ಸ್ವಲ್ಪ ಏರಿತ್ತು ಅಂತ ಕಾಣುತ್ತದೆ. ಪ್ರಿನ್ಸಿಪಾಲರು ತಲೆಯಾಡಿಸಿದರು, ಹೆತ್ತವರಿಗೆ ಹೆಗ್ಗಣ ಮುದ್ದು ಎಂದು ಇಂಗ್ಲಿಷಿನಲ್ಲಿ ಏನನ್ನುತ್ತಾರೋ ಅದನ್ನು ಮನಸ್ಸಿನಲ್ಲಿ ಅಂದುಕೊಂಡಂತೆ. ಟೀಚರು ಮಾತ್ರ ಮುಂದೆ ಬಾಗಿ, "ಈಗ ಹೇಳಬಹುದೆ? ನಾನು ಕೇಳುತ್ತೇನೆ" ಎಂದರು.

ನಾನು ನಮ್ಮತ್ತೆಗೆ ಹೇಳಿದೆ. ಅವರು ಕಿಟಕಿಯ ಕಡೆ ನೋಡಿದರು. ಹೊರಗೆ ಮಟಮಟ ಮಧ್ಯಾಹ್ನ. "ಆಗೂದಿಲ್ಲ" ಎಂದರು.

"ಯಾಕತ್ತೆ?"

"ಹಗಲ ಓದಿದ್ರ ನಡೀತದ, ಕತಿ ಹೇಳಬಾರದು. ಹಗಲ ಹೇಳಿದ್ರ ದಾರ್ಯಾಗ ಇದ್ದವರು ದಾರಿ ತಪ್ತಾರ. ಪಾಪ, ಆ ಗಾಡಿ ಮಂದಿ ಇನ್ನೂ ದಾರ್ಯಾಗ ಇದ್ದಾರ."

ನನಗೆ ಭೂಮಿ ಬಾಯಿಬಿಡಬಾರದೆ ಅನ್ನಿಸಿತು. "ಅತ್ತೆ, ಮಗೂನ ಬೇರೆ ಸ್ಕೂಲಿಗೆ ಹಾಕ್ತಿದಾರೆ. ದಮ್ಮಯ್ಯ, ಇವತ್ತೊಂದಿನ ಕೇಳಿ" ಎಂದು ಗೋಗರೆದೆ. "ನಾ ಕೇಳಿದ್ರೂ ಅಕಿ ಹೇಳೂದಿಲ್ಲ" ಎಂದರು. ಮಗಳೂ ಇಲ್ಲ ಎಂದು ತಲೆ ಅಲ್ಲಾಡಿಸಿದಳು. ಬೇರೆ ದಾರಿಯಿಲ್ಲದೆ ಇದನ್ನೇ ಇಂಗ್ಲಿಷಿಗೆ ತಂದು ಹೇಳಿದೆ. ಪ್ರಿನ್ಸಿಪಾಲರು ಗಡಿಯಾರ ನೋಡಿದರು. ಟೀಚರು ನಗಲಿಲ್ಲ. ನಮ್ಮತ್ತೆಯ ಕಡೆ ತಿರುಗಿ, "ನಿಮ್ಮ ಮನೆಯಲ್ಲಿ ಎಷ್ಟು ಹೊತ್ತಿಗೆ ಕತ್ತಲಾಗುತ್ತದೆ?" ಎಂದರು.

ಚಳಿಗಾಲ, ಐದು ದಾಟಿದರೆ ಕತ್ತಲೆ. ಮಾರನೆಯ ದಿನ ಶುಕ್ರವಾರ ಅವರು ತಮ್ಮ ಹಳೆಯ ಕಾರಿನಲ್ಲಿ, ಮಳೆಯಲ್ಲಿ, ಆ ಪುಸ್ತಕವನ್ನು ಕೋಟಿನೊಳಗೆ ಬಚ್ಚಿಟ್ಟುಕೊಂಡು ಬಂದರು. ನನ್ನ ಗಂಡ ಅವತ್ತು ಬೇಗ ಬಂದಿದ್ದರು. ನಮ್ಮತ್ತೆ ಬೆಳಗಿನ ಸೀರಿಯಲ್ ಡಬ್ಬಿಯ ಅಕ್ಕಿಯ ಅರಳನ್ನೇ ಚುರುಮುರಿ ಮಾಡಿಕೊಂಡು, ಈರುಳ್ಳಿ, ಹಸಿಮೆಣಸಿನಕಾಯಿ, ಹುಣಿಸೆಹುಳಿ ಹಾಕಿ ಗಿರ್ಮಿಟ್ ಕಲಸಿದ್ದರು. ಟೀಚರು ಒಂದು ಚಮಚ ಬಾಯಿಗಿಟ್ಟದ್ದೇ ತಡ, ಕಣ್ಣಲ್ಲಿ ನೀರು. "ತಿನ್ರಿ, ತಿನ್ರಿ, ಥಂಡಿಗೆ ಛೊಲೊ" ಎಂದು ನಮ್ಮತ್ತೆ ಇನ್ನಷ್ಟು ಬಡಿಸಿದರು. ಪುಣ್ಯಾತ್ಗಿತ್ತಿ ಅದನ್ನೂ ತಿಂದರು.

ಆಮೇಲೆ ಮಗಳು ಅಜ್ಜಿಯ ಎದುರು ಕೂತಳು. ಟೀಚರು ಪಕ್ಕದಲ್ಲಿ, ಪುಸ್ತಕ ಬಿಚ್ಚಿಕೊಂಡು. ನಾನು ಅವರ ಕಿವಿಯ ಹತ್ತಿರ ಮೆಲ್ಲಗೆ ಅರ್ಥ ಹೇಳುತ್ತ ಹೋದೆ. ಇವಳೆಲ್ಲಿ ಅಜ್ಜಿಯ ಕಥೆಗಳನ್ನೂ ಈ ಕಥೆಯನ್ನೂ ಕಲಸಿ ಹೇಳಿಬಿಡುತ್ತಾಳೋ ಎಂದು ಭಯ.

ಮಗಳು ಊರು ಬಿಟ್ಟ ದಿನದಿಂದ ಶುರು ಮಾಡಿದಳು. ನೆರೆಯವರು ಕೊಟ್ಟ ಬುತ್ತಿ, ಹಿಂದೆ ಓಡಿ ಬಂದ ನಾಯಿ, ಹೊಳೆ, ಸಗಣಿ, ಬೆಣ್ಣೆ. ನಾನು ಒಂದೊಂದನ್ನೇ ಹೇಳಿದಂತೆ ಟೀಚರು ಪುಟ ಹಿಂದೆ ಮುಂದೆ ತಿರುವುತ್ತಿದ್ದವರು, ಸ್ವಲ್ಪ ಹೊತ್ತಿಗೆ ಪುಸ್ತಕ ನೋಡುವುದನ್ನೇ ಬಿಟ್ಟರು. ನಮ್ಮತ್ತೆ ಅವರ ಮೊಣಕಾಲು ತಟ್ಟಿ, "ನೀವೂ ಅನ್ರಿ" ಎಂದರು. ನಾನು ಅರ್ಥ ಹೇಳಿದೆ. ಟೀಚರು ಗಂಟಲು ಸರಿಮಾಡಿಕೊಂಡು "ಹೂಂ" ಎಂದರು. ಮಗಳ ಮುಖ ಅರಳಿತು. ಅವರದು ಒಂದು ಚೂರು ತಡವಾಗುತ್ತಿತ್ತು, ನನ್ನ ಅನುವಾದ ಮುಗಿಯಬೇಕಲ್ಲ; ಅವರ ಹೂಂ ಬರುವವರೆಗೆ ಇವಳು ಕಾಯುವಳು.

ಕಥೆ ಬೆಟ್ಟದ ಬುಡಕ್ಕೆ ಬಂತು. ಗಾಡಿಯ ಹಲಗೆಯೊಂದು ಮುರಿದಿತ್ತು. "ಅಪ್ಪ ತೊಟ್ಟಿಲಾ ಬಿಚ್ಚಿ, ಅದರ ಹಲಗಿ ತಗದು ಗಾಡಿಗೆ ಹೊಡದಾ" ಎಂದಳು ಮಗಳು. ಅಲ್ಲಿಗೆ ನಿಲ್ಲಿಸಿದಳು. ನಮ್ಮತ್ತೆ ಹೂಂ ಅನ್ನಲಿಲ್ಲ. ಟೀಚರು ಅಂದರು, ಆದರೆ ಒಬ್ಬರೇ. ಯಾಕೆ ನಿಲ್ಲಿಸಿದಳು ಎಂದು ನನ್ನನ್ನು ನೋಡಿದರು. ನನಗೂ ಗೊತ್ತಿರಲಿಲ್ಲ, ನಾನು ಆ ವಾರ ಕೇಳಿರಲಿಲ್ಲ.

"ಒಂದ ವಾರ ಆತು, ಕತಿ ಇಲ್ಲೇ ನಿಂತದ" ಎಂದರು ನಮ್ಮತ್ತೆ. "ಇಬ್ಬರೂ ಕಾಯಾಕತ್ತೇವಿ. ಬರಿ ತೊಟ್ಟಿಲಾ ತೂಗಬಾರದು ಅಂತಾರ ನಮ್ಮಲ್ಲೆ. ಇವರು ಬಿಚ್ಚೇಬಿಟ್ಟಾರ. ಹಂಗಾದ್ರ ಒಳಗಿನ ಕೂಸೆಲ್ಲಿ?" ಮೊಮ್ಮಗಳ ಬೆನ್ನಿಗೆ ಕೈಯಿಟ್ಟು, "ಕೇಳು. ನಿನ್ನ ಟೀಚರಲ್ಲೇನು? ನೀನ ಕೇಳು" ಎಂದರು.

ಮಗಳು ಟೀಚರ ಕಡೆ ತಿರುಗಿದಳು. ಅವಳ ಬಾಯಿಂದ ಇಂಗ್ಲಿಷು ಬಂದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಬೇಬಿ ಎಲ್ಲಿ ಎಂದು ಕೇಳಿದಳು. ಮರುಕ್ಷಣವೇ ಇನ್ನೂ ಗಟ್ಟಿಯಾಗಿ, "ನೀವು ಹೇಳಲಿಲ್ಲ" ಎಂದಳು. ಅದೂ ಇಂಗ್ಲಿಷಿನಲ್ಲೇ.

ಟೀಚರು ಕನ್ನಡಕ ತೆಗೆದರು. ಒರೆಸಿದರು, ಮತ್ತೆ ಹಾಕಿಕೊಳ್ಳಲಿಲ್ಲ. "ಅಲ್ಲಿ ಎರಡು ಪುಟ ಇವೆ" ಎಂದು ಮೆಲ್ಲಗೆ ನನಗೆ ಹೇಳಿದರು. "ಪ್ರತಿ ವರ್ಷ ನಾನು ಅವನ್ನು ಬಿಟ್ಟು ಓದುತ್ತೇನೆ. ಇಷ್ಟು ಸಣ್ಣ ಮಕ್ಕಳಿಗೆ ಹೇಗೆ ಓದುವುದು ಅಂತ. ಎಷ್ಟು ವರ್ಷದಿಂದ ಓದುತ್ತಿದ್ದೇನೆ, ಯಾರೂ ಕೇಳಿರಲಿಲ್ಲ. ಅವಳು ಸದ್ದು ನಿಲ್ಲಿಸಿದ್ದೂ ಆ ದಿನವೇ. ನಾನು ಅವಳು ಕೇಳುತ್ತಿಲ್ಲ ಅಂದುಕೊಂಡೆ."

ನಾನು ಇದನ್ನು ನಮ್ಮತ್ತೆಗೆ ಹೇಳಿದೆ. "ನನಗ ಗೊತ್ತಿತ್ತು" ಎಂದರು. "ತೊಟ್ಟಿಲಾ ಬಿಚ್ಚಿದ ಮ್ಯಾಲ ಇನ್ನೇನು. ಆದ್ರ ನಾ ಹ್ಯಾಂಗ ಹೇಳಲಿ, ಕತಿ ಅವರದು. ಓದಂತ ಹೇಳು. ಹೆದರಬ್ಯಾಡ ಅನ್ನು, ನಾನಿದ್ದೇನಿ."

ಟೀಚರು ಕನ್ನಡಕ ಹಾಕಿಕೊಂಡು ಓದಿದರು. ಜ್ವರ, ಕುಡಿಯಲು ಒಳ್ಳೆಯ ನೀರಿಲ್ಲ. ಬೆಳಿಗ್ಗೆ ಕೂಸು ಹಾಲು ಕುಡಿಯಲಿಲ್ಲ. ಅಪ್ಪ ದಾರಿಯ ನಡುವೆಯೇ ಗುಂಡಿ ತೋಡಿದ. ಮಣ್ಣು ಮುಚ್ಚಿದ ಮೇಲೆ ಗಾಡಿಗಳನ್ನೆಲ್ಲ ಅದರ ಮೇಲೆಯೇ ಹಾಯಿಸಿದರು, ತೋಳಗಳು ವಾಸನೆ ಹಿಡಿದು ಬಂದು ಕೆದಕದಿರಲಿ ಎಂದು. ಗುರುತಿಗೊಂದು ಕಲ್ಲನ್ನೂ ಇಡಲಿಲ್ಲ. ಅಮ್ಮ ಗಾಡಿಯಲ್ಲಿ ಹಿಂದೆ ಮುಖ ಮಾಡಿ ಕೂತು, ಕಣ್ಣಿಗೆ ಕಾಣುವವರೆಗೂ ಆ ದಾರಿಯನ್ನೇ ನೋಡುತ್ತಿದ್ದಳು. ಇಷ್ಟನ್ನೂ ನಾನು ಒಂದೊಂದೇ ವಾಕ್ಯವಾಗಿ ಕನ್ನಡಕ್ಕೆ ತರುತ್ತ ಹೋದೆ. ಅಜ್ಜಿ ಮೊಮ್ಮಗಳು ಇಬ್ಬರೂ ಪ್ರತಿ ವಾಕ್ಯಕ್ಕೂ ಹೂಂ ಅಂದರು, ತಪ್ಪದೆ.

ಓದಿ ಮುಗಿದ ಮೇಲೆ ನಮ್ಮತ್ತೆ ಹೇಳಿದರು, "ನಾವೂ ಕೂಸಿಗೆ ಮಣ್ಣ ಕೊಡ್ತೇವಿ. ಸುಡೂದಿಲ್ಲ. ನನ್ನವೂ ಎರಡು ಹೋದ್ವು. ಒಂದಕ್ಕ ಹೆಸರಿಟ್ಟಿದ್ವಿ, ಇನ್ನೊಂದಕ್ಕ ಅದೂ ಇಲ್ಲ."

ಚಹದ ತಟ್ಟೆ ಹಿಡಿದು ಬರುತ್ತಿದ್ದ ನನ್ನ ಗಂಡ ಹಾಗೇ ನಿಂತರು. ಅವರಿಗೆ ಗೊತ್ತಿರಲಿಲ್ಲ. "ಯಾವಾಗವ್ವಾ?" ಎಂದರು. "ನಿನಗಿಂತ ಮೊದಲ. ಯಾರೂ ಕೇಳಲಿಲ್ಲ, ನಾ ಹೇಳಲಿಲ್ಲ" ಎಂದರು ನಮ್ಮತ್ತೆ, ಉಪ್ಪು ಮುಗಿದಿದೆ ಎಂದು ಹೇಳುವಷ್ಟೇ ಸಹಜವಾಗಿ. ನಾನು ಅರ್ಥ ಹೇಳುವ ಮೊದಲೇ ಟೀಚರು ನಮ್ಮಿಬ್ಬರ ಮುಖ ನೋಡಿಯೇ ಅವರ ಕೈ ಹಿಡಿದುಕೊಂಡಿದ್ದರು. ಒಬ್ಬರ ಭಾಷೆ ಒಬ್ಬರಿಗೆ ಬಾರದ ಆ ಇಬ್ಬರು ಹೆಂಗಸರು ಚಹ ಆರಿಹೋಗುವವರೆಗೂ ಹಾಗೇ ಕೂತಿದ್ದರು. ಮಗಳು ಗಿರ್ಮಿಟ್ಟಿನ ಬಟ್ಟಲು ನೆಕ್ಕುತ್ತಿದ್ದಳು. ಅವಳಿಗೆ ಕೇಳಬೇಕಾದದ್ದು ಕೇಳಿಯಾಗಿತ್ತು.

ಹೊರಡುವಾಗ ಮೆಟ್ಟಿಲ ಮೇಲೆ ಟೀಚರು ನನಗೆ ಹೇಳಿದರು, "ನನ್ನ ಕ್ಲಾಸಿನಲ್ಲಿ ಅವಳಷ್ಟು ಚೆನ್ನಾಗಿ ಕೇಳುವವರು ಯಾರೂ ಇಲ್ಲ. ನಾನು ಪ್ರಿನ್ಸಿಪಾಲರ ಹತ್ತಿರ ಮಾತಾಡುತ್ತೇನೆ. ಆದರೆ ಎಲ್ಲ ಗೊತ್ತುಮಾಡಿ ಆಗಿದೆ, ನನ್ನ ಮಾತು ನಡೆಯುತ್ತದೋ ಇಲ್ಲವೋ ತಿಳಿಯದು." ಶನಿವಾರ ಭಾನುವಾರ ನಾನು ಯಾರ ಜೊತೆಗೂ ಸರಿಯಾಗಿ ಮಾತಾಡಲಿಲ್ಲ. ಗಂಡ ಏನು ಕೇಳಿದರೂ ಸಿಡುಕಿದೆ. ಪಾಪ, ಅವರು ಬಾಯಿ ಮುಚ್ಚಿಕೊಂಡು ಪಾತ್ರೆ ತೊಳೆದರು.

ಸೋಮವಾರ ಬೆಳಿಗ್ಗೆ ಜಿಟಿಜಿಟಿ ಮಳೆ. ಮಗಳ ಕೈ ಹಿಡಿದು ಶಾಲೆಯ ಹತ್ತಿರ ಬಂದಾಗ ಆ ಹಳದಿ ಬಸ್ಸು ಗೇಟಿನ ಮುಂದೆ ನಿಂತೇ ಇತ್ತು, ಬಾಗಿಲು ತೆರೆದುಕೊಂಡು. ಡ್ರೈವರು ಇಳಿದು, ನಮ್ಮನ್ನು ನೋಡಿ, ಮಗಳ ಹೆಸರನ್ನು ಅಡ್ಡಾದಿಡ್ಡಿ ಉಚ್ಚರಿಸಿ ಇವಳೇ ಏನು ಎಂದ. ಮಗಳು ಎರಡೂ ಕೈಯಲ್ಲಿ ನನ್ನ ಕೈ ಹಿಡಿದುಕೊಂಡಳು. ಧಾರವಾಡದಲ್ಲಿ ಬಿಟ್ಟು ಹೊರಟ ದಿನ ಅವಳಿಗೆ ಹೀಗೆ ಹಿಡಿಯುವಷ್ಟು ಬುದ್ಧಿಯಿರಲಿಲ್ಲ, ಸುಮ್ಮನೆ ಟಾಟಾ ಮಾಡಿದ್ದಳು. ಈಗ ಬುದ್ಧಿ ಬಂದಿತ್ತು.

ಅಷ್ಟರಲ್ಲಿ ಟೀಚರು ಬಂದರು. ಕೊಡೆಯಿಲ್ಲ, ಕೋಟಿಲ್ಲ, ಪ್ರಿನ್ಸಿಪಾಲರ ಆಫೀಸಿನಲ್ಲಿ ವಾದ ಮುಗಿಸಿ ಸೀದಾ ಓಡಿ ಬಂದಂತಿತ್ತು. ಮುಖ ಕೆಂಪಾಗಿತ್ತು. ಡ್ರೈವರಿಗೆ ಏನೋ ಹೇಳಿದರು. ಅವನು ಭುಜ ಹಾರಿಸಿ, ಬಸ್ಸು ಹತ್ತಿ, ಬಾಗಿಲು ಮುಚ್ಚಿಕೊಂಡ. ಬಸ್ಸು ಹೊರಟುಹೋಯಿತು. "ಇವತ್ತು ಆ ಎರಡು ಪುಟ ಎಲ್ಲರಿಗೂ ಓದುತ್ತೇನೆ. ನೀನು ನನ್ನ ಪಕ್ಕದಲ್ಲಿ ಕೂರಬೇಕು" ಎಂದು ಮಗಳಿಗೆ ಹೇಳಿ ಕೈ ಚಾಚಿದರು.

ನನಗೆ ಇಂಗ್ಲಿಷು ಪೂರಾ ಮರೆತುಹೋಗಿತ್ತು. ಆ ಮಳೆಯಲ್ಲಿ, ಅಷ್ಟು ಜನ ತಾಯಂದಿರ ಮುಂದೆ, ದೇವರಿಗೆ ಮುಗಿಯುವ ಹಾಗೆ ಅವರಿಗೆ ಕೈಮುಗಿದೆ. ಮಗಳ ಕೈ ನನ್ನ ಕೈಯಲ್ಲೇ ಇದ್ದದ್ದರಿಂದ ಅದೂ ಸೇರಿ ಮೇಲೆ ಬಂತು. ಅವಳು ಮೆಲ್ಲಗೆ ಬೆರಳು ಬಿಡಿಸಿಕೊಂಡು ಟೀಚರ ಕೈ ಹಿಡಿದಳು. ನಾನು ಇನ್ನೂ ಅಲ್ಲೇ ನಿಂತಿರುವುದನ್ನು ನೋಡಿ, "ನೀ ಹೋಗಮ್ಮಾ" ಎಂದಳು. "ನಾ ಇಲ್ಲೇ ಇರ್ತೇನಿ."